750ರ ಉಬ್ಬು: ಎಂಟು ತಿಂಗಳು ಬದುಕಿದ ಕಣ

2015ರ ಡಿಸೆಂಬರ್ 15ರಂದು ಜಿನೀವಾ ಪಕ್ಕದ ಸರ್ನ್ ಪ್ರಯೋಗಾಲಯದಲ್ಲಿ ಎರಡು ತಂಡಗಳು ಒಂದರ ಹಿಂದೊಂದು ವೇದಿಕೆ ಹತ್ತಿ ತಮ್ಮ ವರ್ಷದ ಲೆಕ್ಕ ಒಪ್ಪಿಸಿದವು. ಒಂದು ಅಟ್ಲಾಸ್, ಇನ್ನೊಂದು ಸಿಎಂಎಸ್. ಲಾರ್ಜ್ ಹೇಡ್ರಾನ್ ಕೊಲೈಡರ್, ಅಂದರೆ ಎಲ್‌ಎಚ್‌ಸಿಯ ಎರಡು ದೊಡ್ಡ ಡಿಟೆಕ್ಟರ್‌ಗಳನ್ನು ನಡೆಸುವ ತಂಡಗಳಿವು. ಸುರಂಗ ಒಂದೇ ಆದರೂ ಯಂತ್ರ ಬೇರೆ, ಜನ ಬೇರೆ, ಲೆಕ್ಕ ಹಾಕುವ ರೀತಿಯೂ ಬೇರೆ. ಆ ದಿನ ಇಬ್ಬರ ಗ್ರಾಫಿನಲ್ಲೂ ಹೆಚ್ಚುಕಡಿಮೆ ಒಂದೇ ಜಾಗದಲ್ಲಿ, 750 ಜಿಇವಿ ಆಸುಪಾಸಿನಲ್ಲಿ, ಒಂದು ಸಣ್ಣ ಉಬ್ಬು ಎದ್ದಿತ್ತು.

ಕಣವಿಜ್ಞಾನಿಗಳು ದ್ರವ್ಯರಾಶಿಯನ್ನು ಅಳೆಯುವುದು ಶಕ್ತಿಯ ಲೆಕ್ಕದಲ್ಲಿ, ಜಿಇವಿ ಎಂಬ ಮಾನದಲ್ಲಿ. ಒಂದು ಪ್ರೋಟಾನ್ ಸುಮಾರು 1 ಜಿಇವಿ ತೂಗುತ್ತದೆ. 2012ರ ಜುಲೈ 4ರಂದು ಜಗತ್ತಿಗೆ ಗೊತ್ತಾದ ಹಿಗ್ಸ್ ಬೋಸಾನ್ 125 ಜಿಇವಿ. ನಮಗೆ ಗೊತ್ತಿರುವ ಮೂಲಕಣಗಳಲ್ಲೇ ಅತಿ ಭಾರದ ಟಾಪ್ ಕ್ವಾರ್ಕ್ 173ರ ಹತ್ತಿರ. ಹಾಗಿರುವಾಗ 750 ಎಂದರೆ, ಯಾವ ಸಿದ್ಧಾಂತವೂ ಇಲ್ಲೇ ಇರುತ್ತದೆಂದು ಬೆರಳಿಟ್ಟು ತೋರಿಸದಿದ್ದ ಜಾಗದಲ್ಲಿ ಹಿಗ್ಸ್‌ನ ಆರು ಪಟ್ಟು ಭಾರದ ಏನೋ ಒಂದು.

ಆ ಗ್ರಾಫ್‌ನಲ್ಲಿ ಏನಿತ್ತೆಂದು ತಿಳಿಯಬೇಕಾದರೆ ಸಿಎಂಎಸ್ ಒಳಗೆ ಇಣುಕಬೇಕು. ಎಲ್‌ಎಚ್‌ಸಿ ಎಂಬುದು ಫ್ರಾನ್ಸ್–ಸ್ವಿಟ್ಜರ್ಲೆಂಡ್ ಗಡಿಯ ಅಡಿಯಲ್ಲಿ 27 ಕಿಲೋಮೀಟರ್ ಸುತ್ತಳತೆಯ ಉಂಗುರ. ಅದರಲ್ಲಿ ಪ್ರೋಟಾನ್‌ಗಳ ಗೊಂಚಲುಗಳು ಎದುರುಬದುರು ದಿಕ್ಕಿನಲ್ಲಿ ಸುತ್ತುತ್ತವೆ. ಅವು ದಾರಿ ತಪ್ಪದಂತೆ ಬಾಗಿಸಲು ಒಂದೊಂದೂ 15 ಮೀಟರ್ ಉದ್ದ, 35 ಟನ್ ತೂಕದ 1,232 ಅಯಸ್ಕಾಂತಗಳಿವೆ. ಅವನ್ನು ಮೈನಸ್ 271 ಡಿಗ್ರಿ ಸೆಲ್ಸಿಯಸ್‌ನಲ್ಲಿ ಇಟ್ಟಿರುತ್ತಾರೆ. (ಈ ಭಾರವನ್ನೆಲ್ಲ ಹೊತ್ತು ಕೂದಲೆಳೆಯಷ್ಟೂ ಅತ್ತಿತ್ತ ಆಗದಂತೆ ಹಿಡಿದಿರುವ ಸಾವಿರಾರು ಜಾಕ್‌ಗಳು ಭಾರತದಿಂದ ಹೋದವು. ಆ ಕೆಲಸದ ಹೊಣೆ ಹೊತ್ತದ್ದು ಇಂದೂರಿನ ಕೇಂದ್ರ. ಅದಕ್ಕಿರುವುದು ತಿಪಟೂರಿನಲ್ಲಿ ಹುಟ್ಟಿದ ನಮ್ಮ ರಾಜಾ ರಾಮಣ್ಣನವರ ಹೆಸರು.) ಗೊಂಚಲುಗಳು ಡಿಟೆಕ್ಟರಿನ ನಟ್ಟನಡುವೆ ಸೆಕೆಂಡಿಗೆ 4 ಕೋಟಿ ಸಲದ ವೇಗದಲ್ಲಿ ಒಂದರೊಳಗೊಂದು ಹಾದುಹೋಗುತ್ತವೆ.

2015ರಲ್ಲಿ ಒಂದೊಂದು ಪ್ರೋಟಾನಿನ ಶಕ್ತಿ 6,500 ಜಿಇವಿ ಇತ್ತು. ಎರಡೂ ಸೇರಿ 13,000. ಇಷ್ಟಿದ್ದ ಮೇಲೆ 750ರ ಕಣವೊಂದು ಹುಟ್ಟುವುದು ಯಾವ ಲೆಕ್ಕ ಅನ್ನಿಸಬಹುದು. ಆದರೆ ಪ್ರೋಟಾನ್ ಒಂದಿಡೀ ವಸ್ತುವಲ್ಲ. ಕ್ವಾರ್ಕ್, ಗ್ಲುವಾನ್‌ಗಳ ಗುಂಪು. ನಿಜವಾಗಿ ಡಿಕ್ಕಿಯಾಗುವುದು ಆ ಒಳಗಿನ ಸದಸ್ಯರ ನಡುವೆ, ಮತ್ತು ಒಟ್ಟು ಶಕ್ತಿಯಲ್ಲಿ ಅವರ ಪಾಲಿಗೆ ಬರುವುದು ಸಾಮಾನ್ಯವಾಗಿ ಚೂರುಪಾರು. ದೊಡ್ಡ ಪಾಲು ಹೊತ್ತ ಇಬ್ಬರು ಮುಖಾಮುಖಿಯಾಗುವುದು ಅಪರೂಪ. ಶಕ್ತಿಯೂ ಬೇಕು, ಡಿಕ್ಕಿಗಳ ಸಂಖ್ಯೆಯೂ ವಿಪರೀತ ಬೇಕು ಎನ್ನುವುದು ಇದಕ್ಕೇ.

ಹುಟ್ಟಿದ ಭಾರದ ಕಣ ಡಿಟೆಕ್ಟರ್ ತಲುಪುವುದಿಲ್ಲ, ಹುಟ್ಟಿದಲ್ಲೇ ಒಡೆಯುತ್ತದೆ. ಸಿಗುವುದು ಅದರ ಚೂರುಗಳು. ಅವುಗಳಲ್ಲಿ ಅತ್ಯಂತ ಅಚ್ಚುಕಟ್ಟಾದದ್ದು ಬೆಳಕಿನ ಕಣಗಳಾದ ಎರಡು ಫೋಟಾನ್‌ಗಳ ಜೋಡಿ. ಸಿಎಂಎಸ್‌ನ ಹೊಟ್ಟೆಯೊಳಗೆ ಸೀಸ ಮತ್ತು ಟಂಗ್‌ಸ್ಟನ್ ಸೇರಿಸಿ ಬೆಳೆಸಿದ ಸುಮಾರು 76,000 ಹರಳುಗಳಿವೆ. ನೋಡಲು ಗಾಜಿನಷ್ಟು ತಿಳಿ, ಹಿಡಿದರೆ ಅದೇ ಗಾತ್ರದ ಉಕ್ಕಿಗಿಂತ ಭಾರ. ಪ್ರಬಲ ಫೋಟಾನ್ ಒಂದು ಹರಳಿಗೆ ಹೊಕ್ಕಿತೆಂದರೆ ಎಲೆಕ್ಟ್ರಾನ್–ಪಾಸಿಟ್ರಾನ್ ಜೋಡಿಯಾಗುತ್ತದೆ, ಅವು ಮತ್ತೆ ಫೋಟಾನ್ ಉಗುಳುತ್ತವೆ, ಆ ಫೋಟಾನ್‌ಗಳಿಂದ ಮತ್ತೆ ಜೋಡಿಗಳು. ಒಂದು ಗೇಣಿನಷ್ಟು ಉದ್ದದ ಹರಳಿನೊಳಗೇ ಈ ಕಣಮಳೆ ಸುರಿದು ಮುಗಿಯುತ್ತದೆ. ಅಷ್ಟರಲ್ಲಿ ಹರಳು ಮಿಣುಕುತ್ತದೆ. ಹಿಂಬದಿಯ ಸೆನ್ಸರ್ ಆ ಬೆಳಕನ್ನು ಅಳೆದು ಒಳಗೆ ಬಂದ ಫೋಟಾನಿನ ಶಕ್ತಿ ಎಷ್ಟೆಂದು ಹೇಳುತ್ತದೆ.

ಎರಡು ಫೋಟಾನ್‌ಗಳ ಶಕ್ತಿ, ಅವುಗಳ ನಡುವಿನ ಕೋನ ಇಷ್ಟು ಗೊತ್ತಾದರೆ ಸಾಕು. ಇವೆರಡೂ ಒಂದೇ ಕಣದಿಂದ ಬಂದಿದ್ದರೆ ಆ ಕಣ ಎಷ್ಟು ಭಾರವಿದ್ದಿರಬೇಕು ಎಂದು ಲೆಕ್ಕ ಹಾಕಬಹುದು. ತೊಂದರೆಯೆಂದರೆ ಬಹುಪಾಲು ಜೋಡಿಗಳು ಯಾವ ಹೊಸ ಕಣದಿಂದಲೂ ಬಂದವಲ್ಲ. ಮಾಮೂಲಿ ಡಿಕ್ಕಿಗಳಲ್ಲೂ ಎರಡೆರಡು ಫೋಟಾನ್ ಹಾರುತ್ತವೆ. ಅವುಗಳಿಂದ ಬರುವ ಉತ್ತರಗಳನ್ನೆಲ್ಲ ಗ್ರಾಫ್ ಮೇಲೆ ಹಾಕುತ್ತ ಹೋದರೆ ನುಣುಪಾಗಿ ಇಳಿಯುವ ಒಂದು ಇಳಿಜಾರು ಸಿಗುತ್ತದೆ. ನಿಜವಾದ ಕಣವಿದ್ದರೆ ಅದರ ಮಕ್ಕಳೆಲ್ಲ ಒಂದೇ ಉತ್ತರ ಕೊಡುತ್ತವೆ, ಅಲ್ಲೊಂದು ಉಬ್ಬು ಏಳುತ್ತದೆ. ಇದೇ ಹಿಗ್ಸ್, ಇದೇ ಮಾಮೂಲಿ ಎಂದು ಯಾವ ಒಂದು ಜೋಡಿಯನ್ನೂ ತೋರಿಸಿ ಹೇಳಲು ಬರುವುದಿಲ್ಲ. ಪತ್ರಿಕೆಗಳಲ್ಲಿ ಅಚ್ಚಾಗುವ ಬಣ್ಣಬಣ್ಣದ ಡಿಕ್ಕಿಯ ಚಿತ್ರ ಯಾವ ಕಣದ ಫೋಟೋವೂ ಅಲ್ಲ. ಇರಬೇಕಾದ್ದಕ್ಕಿಂತ ಎಣಿಕೆ ಎಷ್ಟು ಜಾಸ್ತಿಯಾಯಿತು ಎನ್ನುವುದೊಂದೇ ಸಾಕ್ಷಿ.

2015ರಲ್ಲಿ ಜಾಸ್ತಿಯಾಗಿದ್ದ ಎಣಿಕೆ ತೀರಾ ಕಡಿಮೆ, ಹತ್ತರ ಆಸುಪಾಸು. ಅಟ್ಲಾಸ್ ಲೆಕ್ಕದಲ್ಲಿ ಅದು 3.6 ಸಿಗ್ಮಾ. ಅಂದರೆ ಹೊಸ ಕಣ ಇಲ್ಲದೆಯೂ ಆ ಜಾಗದಲ್ಲಿ ಅಂಥ ಉಬ್ಬು ಅದೃಷ್ಟವಶಾತ್ ಏಳುವ ಸಾಧ್ಯತೆ ಸುಮಾರು 6,000ದಲ್ಲಿ ಒಂದು. ಕೇಳಿದರೆ ರೋಮಾಂಚನವಾಗುತ್ತದೆ. ಆದರೆ ‘ಆ ಜಾಗದಲ್ಲಿ’ ಎಂಬುದನ್ನು ಗಮನಿಸಿ. ಸಾವಿರ ಮಕ್ಕಳಿರುವ ಶಾಲೆಯಲ್ಲಿ ಪ್ರತಿಯೊಬ್ಬರೂ ಹತ್ತು ಸಲ ನಾಣ್ಯ ಚಿಮ್ಮಿದರೆ ಯಾರೋ ಒಬ್ಬರಿಗೆ ಹತ್ತಕ್ಕೆ ಹತ್ತೂ ಹೆಡ್ ಬರುವುದು ದೊಡ್ಡ ಮಾತಲ್ಲ. ಆ ಮಗುವನ್ನು ಮಾತ್ರ ಕರೆದು ತೋರಿಸಿದರೆ ಪವಾಡ ಎನ್ನಿಸುತ್ತದೆ. ಗ್ರಾಫ್‌ನ ಉದ್ದಕ್ಕೂ ಉಬ್ಬು ಹುಡುಕಿದವರು ಹುಡುಕಿದ ಜಾಗವನ್ನೆಲ್ಲ ಲೆಕ್ಕಕ್ಕೆ ಹಿಡಿಯಲೇಬೇಕು. ಹಿಡಿದಾಗ ಅಟ್ಲಾಸ್‌ನ 3.6 ಇಳಿದು 2 ಸಿಗ್ಮಾ ಆಯಿತು, ಸುಮಾರು 44ರಲ್ಲಿ ಒಂದು. ಸಿಎಂಎಸ್‌ನದು 2.6ರಿಂದ 1.2ಕ್ಕೆ ಬಂತು. ಈ ಕ್ಷೇತ್ರದಲ್ಲಿ ‘ಕಂಡುಹಿಡಿದೆವು’ ಎನ್ನಲು ಬೇಕಾದದ್ದು 5 ಸಿಗ್ಮಾ, 35 ಲಕ್ಷದಲ್ಲಿ ಒಂದು.

ಇಷ್ಟು ಕಟ್ಟುನಿಟ್ಟು ಸುಮ್ಮನೆ ಬಂದದ್ದಲ್ಲ. 1976ರಲ್ಲಿ ಅಮೆರಿಕದ ಫರ್ಮಿಲ್ಯಾಬ್‌ನಲ್ಲಿ ಲಿಯೋನ್ ಲೆಡರ್‌ಮನ್ ತಂಡ 6 ಜಿಇವಿಯಲ್ಲಿ ಹೊಸ ಕಣ ಸಿಕ್ಕಿತೆಂದು ಪ್ರಕಟಿಸಿತು. ಇನ್ನಷ್ಟು ದತ್ತಾಂಶ ಬರುತ್ತಲೇ ಅದು ಮಾಯವಾಯಿತು. ಮರುವರ್ಷ ಅದೇ ತಂಡ 9.5 ಜಿಇವಿಯಲ್ಲಿ ನಿಜವಾದ ಕಣವನ್ನೇ ಹಿಡಿಯಿತು. ಬಾಟಮ್ ಕ್ವಾರ್ಕ್ ಜಗತ್ತಿಗೆ ಗೊತ್ತಾದದ್ದು ಹಾಗೆ. 2012ರ ಹೊತ್ತಿಗೆ ಎಚ್ಚರ ಎಷ್ಟಿತ್ತೆಂದರೆ, ಹಿಗ್ಸ್ ಹುಡುಕುತ್ತಿದ್ದ ಸಿಎಂಎಸ್ ತಂಡ ವಿಶ್ಲೇಷಣೆಯ ವಿಧಾನ ಪಕ್ಕಾ ಆಗುವವರೆಗೆ ಗ್ರಾಫ್‌ನ ಮುಖ್ಯ ಭಾಗವನ್ನು ತಾನೇ ಮುಚ್ಚಿಟ್ಟುಕೊಂಡಿತ್ತು.

ಸಿದ್ಧಾಂತಿಗಳಿಗೆ ಅಷ್ಟು ತಾಳ್ಮೆ ಇರಲಿಲ್ಲ. 750ರ ಉಬ್ಬನ್ನು ವಿವರಿಸಲು ಕೆಲವೇ ತಿಂಗಳಲ್ಲಿ 500ಕ್ಕೂ ಹೆಚ್ಚು ಪ್ರಬಂಧಗಳು ಬಂದವು: ಹಿಗ್ಸ್‌ನ ದಾಯಾದಿ, ಗುರುತ್ವವನ್ನು ಹೊರುವ ಗ್ರಾವಿಟಾನ್, ಕಪ್ಪು ದ್ರವ್ಯಕ್ಕೆ ಬಾಗಿಲು ಹೀಗೆ. ಹತ್ತು ಚಿಲ್ಲರೆ ಘಟನೆಗಳ ಮೇಲೆ ಐನೂರು ಪ್ರಬಂಧ ಎಂದು ನಕ್ಕವರಿದ್ದಾರೆ. ನನಗೇನೋ ಅದರಲ್ಲಿ ತಪ್ಪು ಕಾಣುವುದಿಲ್ಲ. ಎರಡು ಸ್ವತಂತ್ರ ಯಂತ್ರಗಳು ಒಂದೇ ಜಾಗಕ್ಕೆ ಬೆರಳು ತೋರಿಸಿದಾಗ ಸುಮ್ಮನೆ ಕೂರುವುದೂ ಕೆಲಸಗೇಡಿತನವೇ. ನಗು ಬರುವುದು ಪ್ರಬಂಧ ಬರೆದದ್ದಕ್ಕಲ್ಲ, ಯಾವ ಸಂಖ್ಯೆ ಬಂದರೂ ಅದಕ್ಕೆ ಹೊಂದುವ ಸಿದ್ಧಾಂತ ಅಷ್ಟು ಸಲೀಸಾಗಿ ಸಿಕ್ಕಿತಲ್ಲ ಎಂಬುದಕ್ಕೆ.

2016ರ ವಸಂತದಲ್ಲಿ ಯಂತ್ರ ಮತ್ತೆ ಶುರುವಾಯಿತು. ಏಪ್ರಿಲ್ 29ರಂದು ಮುಂಗುಸಿಯಂಥ ಒಂದು ಪ್ರಾಣಿ 66 ಕಿಲೋವೋಲ್ಟ್ ಟ್ರಾನ್ಸ್‌ಫಾರ್ಮರ್ ಹತ್ತಿ, ಶಾರ್ಟ್ ಸರ್ಕ್ಯೂಟ್ ಆಗಿ, ಜಗತ್ತಿನ ಅತಿ ಶಕ್ತಿಶಾಲಿ ಕೊಲೈಡರ್ ಕೆಲವು ದಿನ ನಿಂತೇಹೋಯಿತು. ಆಮೇಲೆ ಸೊಗಸಾಗಿ ಓಡಿತು. ಆಗಸ್ಟ್ 5ರಂದು ಷಿಕಾಗೋದ ಸಮ್ಮೇಳನದಲ್ಲಿ ಎರಡೂ ತಂಡಗಳು ಮೊದಲಿನ ನಾಲ್ಕೈದು ಪಟ್ಟು ದತ್ತಾಂಶ ಇಟ್ಟುಕೊಂಡು ಅದೇ ಗ್ರಾಫ್ ತೋರಿಸಿದವು. ಹೊಸ ದತ್ತಾಂಶದಲ್ಲಿ 750ರ ಹತ್ತಿರ ಇಳಿಜಾರು ಬಿಟ್ಟರೆ ಏನೂ ಇರಲಿಲ್ಲ. ಯಾರ ಲೆಕ್ಕವೂ ತಪ್ಪಾಗಿರಲಿಲ್ಲ, ಯಾವ ತಂತಿಯೂ ಸಡಿಲವಾಗಿರಲಿಲ್ಲ. ಅದು ಬರೀ ಆಕಸ್ಮಿಕ.

ಅಲ್ಲಿಂದೀಚೆಗೆ ಎಲ್‌ಎಚ್‌ಸಿಯಲ್ಲಿ ಕ್ವಾರ್ಕ್‌ಗಳ ಹೊಸ ಹೊಸ ಜೋಡಣೆಗಳು ಡಜನ್‌ಗಟ್ಟಲೆ ಸಿಕ್ಕಿವೆ, ಹಿಗ್ಸ್ ನಂತರ ಹೊಸ ಮೂಲಕಣ ಮಾತ್ರ ಒಂದೂ ಇಲ್ಲ. 2022ರ ಜುಲೈನಿಂದ ಡಿಕ್ಕಿಯ ಶಕ್ತಿ 13,600 ಜಿಇವಿಗೆ ಏರಿದೆ. ಮುಂದೆ 91 ಕಿಲೋಮೀಟರ್ ಸುತ್ತಳತೆಯ ಹೊಸ ಉಂಗುರ ಕಟ್ಟಬೇಕೇ ಎಂಬ ಚರ್ಚೆಯೂ ನಡೆದಿದೆ. ನನ್ನ ಕುತೂಹಲ ಮಾತ್ರ ಉಂಗುರದ ಉದ್ದಕ್ಕಿಂತ ಕಸದ ಬುಟ್ಟಿಯ ಕಡೆಗಿದೆ. ಸೆಕೆಂಡಿಗೆ ನೂರು ಕೋಟಿಯಷ್ಟು ಡಿಕ್ಕಿಗಳಾದರೂ ಪೂರ್ತಿ ವಿವರದೊಂದಿಗೆ ಉಳಿಸಿಕೊಳ್ಳುವುದು ಕೆಲವು ಸಾವಿರ ಘಟನೆಗಳನ್ನಷ್ಟೇ. ಉಳಿದದ್ದನ್ನು ಟ್ರಿಗರ್ ಎಂಬ ವ್ಯವಸ್ಥೆ ಕಣ್ಣೆವೆ ಇಕ್ಕುವಷ್ಟರಲ್ಲಿ ಎಸೆದುಬಿಡುತ್ತದೆ. ಎಸೆದದ್ದು ಮತ್ತೆ ಸಿಗುವುದಿಲ್ಲ. ಯಾವುದನ್ನು ಇಡಬೇಕೆಂದು ಅದಕ್ಕೆ ಹೇಳಿಕೊಟ್ಟವರು ನಾವೇ, ಅದೂ ಹೊಸ ಕಣ ಹೀಗಿರಬಹುದು ಎಂಬ ನಮ್ಮ ಊಹೆಯ ಮೇಲೆ. ಈಗ ಸಿಎಂಎಸ್ ಎರಡು ದಾರಿ ಹಿಡಿದಿದೆ. ಒಂದು, ಘಟನೆಯ ಪೂರ್ತಿ ವಿವರ ಬಿಟ್ಟು ಸಾರಾಂಶವನ್ನಷ್ಟೇ ಇಟ್ಟುಕೊಂಡು ಹೆಚ್ಚು ಘಟನೆಗಳನ್ನು ಉಳಿಸುವುದು. ಇನ್ನೊಂದು, ಮಾಮೂಲಿ ಡಿಕ್ಕಿ ಹೇಗಿರುತ್ತದೆಂದು ಯಂತ್ರಕಲಿಕೆಗೆ ಕಲಿಸಿ, ಹಾಗಿಲ್ಲದ್ದು ಏನೇ ಬಂದರೂ ಕಾರಣ ಕೇಳದೆ ಎತ್ತಿಟ್ಟುಕೊಳ್ಳುವುದು.