ಪಾಟಿ (ಮಕ್ಕಳು ಕಕ್ಕಕ್ಕೆ ಕೂರುವ ಪುಟ್ಟ ಕುರ್ಚಿ) ಮೇಲೆ ಕೂರಲ್ಲ ಅನ್ನುವ ಮಗುವಿಗೆ ನೋವಿದೆಯಾ, ಮೊದಲು ನೋಡಿ

ಏಪ್ರಿಲ್ ಬಂತೆಂದರೆ ರಾಯಚೂರಿನ ನನ್ನ ಕ್ಲಿನಿಕ್‌ಗೆ ತಾಯಂದಿರು ಇದೇ ದೂರು ಹೊತ್ತು ಬರುತ್ತಾರೆ. "ಮೇಡಂ, ಜೂನ್‌ಗೆ ನರ್ಸರಿಗೆ ಹಾಕಬೇಕ್ರಿ. ಪಾಟಿ ಮ್ಯಾಲೆ ಕುಂದ್ರಂಗೇ ಇಲ್ಲ. ಡೈಪರ್ ಹಾಕಿದ್ರಷ್ಟೇ ಮಾಡ್ತಾನ್ರಿ." ಮಗುವಿಗೆ ಎರಡೂವರೆ, ಮೂರು ವರ್ಷ. ಪಕ್ಕದಲ್ಲಿ ಕೂತ ಅಜ್ಜಿ "ಹಟ ಭಾಳ ಐತ್ರಿ ಇವನಿಗೆ" ಅನ್ನುತ್ತಾರೆ.

ನಾನು ಹಟದ ವಿಚಾರಕ್ಕೆ ಹೋಗುವ ಮೊದಲು ಬೇರೆಯದನ್ನೇ ಕೇಳುತ್ತೇನೆ. ಕಕ್ಕ ಗಟ್ಟಿ ಬರುತ್ತಾ? ಎಷ್ಟು ದಿನಕ್ಕೊಮ್ಮೆ? ಮಾಡುವಾಗ ಅಳುತ್ತಾನಾ? ಬಾಗಿಲ ಸಂದಿಗೆ, ಪರದೆ ಹಿಂದೆ ಹೋಗಿ ನಿಲ್ಲುತ್ತಾನಾ? ಬಹಳ ಸಲ ಉತ್ತರ ಅಲ್ಲೇ ಸಿಗುತ್ತದೆ.

ಒಮ್ಮೆ ಗಟ್ಟಿ ಮಲ ಬಂದು ನೋವಾದರೆ ಸಾಕು, ಈ ವಯಸ್ಸಿನ ಮಗು ಅದನ್ನು ಮರೆಯುವುದಿಲ್ಲ. ಮುಂದಿನ ಸಲ ಒತ್ತಡ ಬಂದಾಗ ತಡೆದುಕೊಳ್ಳುತ್ತದೆ. ತುದಿಗಾಲಲ್ಲಿ ನಿಂತು, ಕಾಲಿಗೆ ಕಾಲು ಹೆಣೆದು, ಮಂಚ ಹಿಡಿದು ಮುಖ ಕೆಂಪು ಮಾಡಿಕೊಳ್ಳುತ್ತದೆ. ನೋಡುವವರಿಗೆ ಮಲ ಹೊರಹಾಕಲು ತಿಣುಕುತ್ತಿದೆ ಅನಿಸುತ್ತದೆ. ನಿಜವಾಗಿ ಅದು ಒಳಗೇ ಹಿಡಿದಿಟ್ಟುಕೊಳ್ಳುತ್ತಿರುತ್ತದೆ. ಒಳಗೆ ಉಳಿದ ಮಲದ ನೀರನ್ನು ಕರುಳು ಹೀರುತ್ತದೆ. ಮಲ ಇನ್ನೂ ಗಟ್ಟಿ, ಇನ್ನೂ ದಪ್ಪ. ನೋವೂ ಜಾಸ್ತಿ.

ಹೀಗೇ ತಿಂಗಳುಗಟ್ಟಲೆ ನಡೆದರೆ ಗುದನಾಳ ಹಿಗ್ಗುತ್ತದೆ, ಮಲ ಬಂದಿದೆ ಅನ್ನುವ ಅರಿವೇ ಮಂಕಾಗುತ್ತದೆ. ಗಟ್ಟಿ ಉಂಡೆಯ ಪಕ್ಕದಿಂದ ತೆಳು ಮಲ ಜಾರಿ ಚಡ್ಡಿಗೆ ಅಂಟುತ್ತದೆ. ಇದನ್ನು ಭೇದಿ ಅಂದುಕೊಂಡು ನಿಲ್ಲಿಸುವ ಔಷಧಿ ಕೊಟ್ಟವರಿದ್ದಾರೆ. "ಬೇಕಂತಲೇ ಮಾಡ್ತಾನೆ" ಎಂದು ಹೊಡೆದವರೂ ಇದ್ದಾರೆ. ಮಗುವಿಗೆ ಅದು ಗೊತ್ತೇ ಆಗಿರುವುದಿಲ್ಲ.

ನಮ್ಮ ಬೇಸಿಗೆ ಇದಕ್ಕೆ ಇನ್ನಷ್ಟು ಇಂಬು ಕೊಡುತ್ತದೆ. 40 ಡಿಗ್ರಿ ದಾಟಿದ ಬಿಸಿಲಲ್ಲಿ ಬೆವರು ಹೋಗುತ್ತದೆ, ಆಟದ ನಡುವೆ ಮಗು ನೀರು ಕೇಳುವುದಿಲ್ಲ. ಊಟ ಬೇಡವೆಂದರೆ ಬಾಟಲಿ ಹಾಲು, ಬಿಸ್ಕತ್ತು. ನರ್ಸರಿಯ ಅವಸರದಲ್ಲಿ ಪಾಟಿ ಕಲಿಸಲು ಹೊರಡುವುದೂ ಇದೇ ತಿಂಗಳುಗಳಲ್ಲಿ!

ಹಾಗಾಗಿ ನಾನು ಹೇಳುವುದು ಇಷ್ಟು: ಪಾಟಿಯನ್ನು ಸದ್ಯಕ್ಕೆ ಪಕ್ಕಕ್ಕಿಡಿ. ಡೈಪರ್ ಕೇಳಿದರೆ ಕೊಡಿ, ಬೈಯಬೇಡಿ. ಮೊದಲು ಮಲ ಮೆತ್ತಗಾಗಲಿ. ಹಾಲು ದಿನಕ್ಕೆ ಅರ್ಧ ಲೀಟರ್ ದಾಟದಿರಲಿ. ನೀರು, ಮಜ್ಜಿಗೆ, ಹೆಸರುಕಾಳು, ಪುಂಡಿಪಲ್ಯ, ಪಪ್ಪಾಯಿ, ಬೇಳೆಯಲ್ಲಿ ನೆನೆಸಿದ ಜೋಳದ ರೊಟ್ಟಿ ಕೊಡಿ. ಆದರೆ ತಡೆದಿಡುವುದು ರೂಢಿಯಾದ ಮಗುವಿಗೆ ಊಟ ಒಂದೇ ಸಾಲದು. ಮಲ ಮೆತ್ತಗಾಗಿಸುವ ಔಷಧಿ, ಅಂದರೆ ಲ್ಯಾಕ್ಟುಲೋಸ್ ಅಥವಾ ಪಾಲಿಎಥಿಲೀನ್ ಗ್ಲೈಕಾಲ್ ಬೇಕಾಗುತ್ತದೆ. ಎಷ್ಟು ಕೊಡಬೇಕೆಂದು ವೈದ್ಯರು ತೂಕ ನೋಡಿ ಹೇಳುತ್ತಾರೆ. ಕನಿಷ್ಠ ಎರಡು ತಿಂಗಳಾದರೂ ನಡೆಯಬೇಕು. "ಅಭ್ಯಾಸ ಆಗಿಬಿಡುತ್ತಲ್ವಾ?" ಎಂದು ಎಲ್ಲರೂ ಕೇಳುತ್ತಾರೆ. ಇಲ್ಲ, ಆಗುವುದಿಲ್ಲ. ನಾಲ್ಕು ದಿನ ಕೊಟ್ಟು ನಿಲ್ಲಿಸಿದಾಗಲೇ ತೊಂದರೆ ಮರಳುವುದು.

ಮಲ ಬರಲೆಂದು ಗುದದೊಳಗೆ ಸೋಪಿನ ತುಂಡು, ಎಣ್ಣೆ ಹಚ್ಚಿದ ವೀಳ್ಯದೆಲೆ ತೊಟ್ಟು ತೂರಿಸುವುದು ದಯವಿಟ್ಟು ಬೇಡ. ಮೊದಲೇ ಹೆದರಿದ ಮಗು ಅದರಿಂದ ಇನ್ನಷ್ಟು ಬಿಗಿಯಾಗುತ್ತದೆ.

ಕೆಲವು ವಾರ ನೋವಿಲ್ಲದೆ ಕಳೆದ ಮೇಲೆ ಮತ್ತೆ ಶುರು ಮಾಡಿ. ಊಟವಾದ ಮೇಲೆ ಕರುಳು ತಾನಾಗಿ ಚುರುಕಾಗುತ್ತದೆ, ಆಗ ಐದು ನಿಮಿಷ ಕೂರಿಸಿ. ಏನೂ ಆಗದಿದ್ದರೂ ಸುಮ್ನೆ ಎಬ್ಬಿಸಿ. ದೊಡ್ಡವರ ಪಾಯಖಾನೆಯ ಗುಂಡಿ ಕಂಡರೆ ಒಳಗೆ ಬೀಳುತ್ತೇನೆಂದು ಎಷ್ಟೋ ಮಕ್ಕಳಿಗೆ ಭಯ. ಪಾದ ಪೂರ್ತಿ ನೆಲಕ್ಕೆ ತಾಗುವ ಪುಟ್ಟ ಪಾಟಿ ಒಳ್ಳೆಯದು. ಕಮೋಡ್ ಆದರೆ ಕಾಲ ಕೆಳಗೆ ಸ್ಟೂಲ್ ಇಡಿ. ಕಾಲು ತೂಗಾಡುತ್ತಿದ್ದರೆ ತಿಣುಕಲು ಬಲ ಸಿಗುವುದಿಲ್ಲ.

"ನಮ್ಮ ಮಕ್ಕಳು ವರ್ಷದೊಳಗೇ ಕಲಿತಿದ್ವು" ಅನ್ನುವ ಅಜ್ಜಿಯರ ಮಾತು ಸುಳ್ಳಲ್ಲ. ಕೂಸನ್ನು ಕಾಲ ಮೇಲೆ ಕೂರಿಸಿ ಅದರ ಮುಖ ನೋಡಿಯೇ ಸಮಯ ಗುರುತಿಸುತ್ತಿದ್ದರು. ಆ ಕಣ್ಣು ಈಗಲೂ ಬೇಕು. ಆದರೆ ಎರಡು ದಾಟಿದ ಮಗುವಿಗೆ ತನ್ನದೇ ಮನಸ್ಸಿದೆ, ಒಲ್ಲೆ ಅನ್ನಲು ಬರುತ್ತದೆ. ಹಿಡಿದು ಕೂರಿಸಿದರೆ ಅದೇ ಗೆಲ್ಲುತ್ತದೆ.

ರಾತ್ರಿ ಹಾಸಿಗೆ ಒದ್ದೆಯಾಗುವುದು ಬೇರೆ ವಿಷಯ, ಐದು ವರ್ಷದವರೆಗೆ ಚಿಂತೆ ಬೇಡ. ಆದರೆ ಹುಟ್ಟಿದ 48 ಗಂಟೆಯೊಳಗೆ ಮೊದಲ ಕಪ್ಪು ಮಲ ಹೋಗದಿದ್ದ ಮಗು, ಹುಟ್ಟಿದಾಗಿನಿಂದಲೇ ಮಲಬದ್ಧತೆ ಇರುವ ಮಗು, ಹೊಟ್ಟೆ ಉಬ್ಬಿ ವಾಂತಿ ಮಾಡುವ, ತೂಕ ಏರದ, ಮಲದಲ್ಲಿ ರಕ್ತ ಕಾಣುವ ಮಗುವಿದ್ದರೆ ಮನೆಮದ್ದು ಮಾಡುತ್ತ ಕೂರದೆ ಮಕ್ಕಳ ವೈದ್ಯರಿಗೆ ತೋರಿಸಿ.