ಬಾಗಿಲಿಗೆ ಅಂಟಿಸಿದ ನೋಟಿಸು, 45 ದಿನದ ಲೆಕ್ಕ

ನಮ್ಮ ಬೆಳಗಾವಿಯ ಓದಿನ ಗುಂಪಿನಲ್ಲಿ ಎಲ್ಲರೂ ಮುಂದಕ್ಕೆ ತಳ್ಳುತ್ತಿದ್ದ ಪಾಠ ಇದು: ಸರ್ಫೇಸಿ ಕಾಯ್ದೆ, 2002. ಸಾಲ ಕಟ್ಟದಿದ್ದರೆ ಕೋರ್ಟಿಗೆ ಹೋಗದೆಯೇ ಅಡವಿಟ್ಟ ಆಸ್ತಿ ವಶಕ್ಕೆ ಪಡೆಯಲು ಬ್ಯಾಂಕಿಗೆ ಅಧಿಕಾರ ಕೊಡುವ ಕಾನೂನು. ಕಲಂ ಬಾಯಿಪಾಠ ಮಾಡುವುದು ಬಿಡಿ, ಒಂದು ಮನೆ ಹಿಡಿದು ಓದೋಣ.

ರಬಕವಿ-ಬನಹಟ್ಟಿಯ ಒಬ್ಬ ನೇಕಾರ ಅಂದುಕೊಳ್ಳಿ. ಮನೆ ಅಡವಿಟ್ಟು, ಸಹಕಾರಿ ಬ್ಯಾಂಕಿನಲ್ಲಿ ಸಾಲ ಮಾಡಿ ನಾಲ್ಕು ಪವರ್‌ಲೂಮ್ ಹಾಕಿದ. ಸೀರೆ ಹೋಗಲಿಲ್ಲ, ಕಂತು ನಿಂತಿತು. ಬಾಕಿ 90 ದಿನ ದಾಟಿತು, ಖಾತೆ ಎನ್‌ಪಿಎ (ವಸೂಲಾಗದ ಸಾಲ) ಆಯಿತು. ನಂತರ ಕಲಂ 13(2)ರ ನೋಟಿಸು: 60 ದಿನದೊಳಗೆ ಪೂರ್ತಿ ಕಟ್ಟು.

ಈಗಲೇ ಕೇಸು ಹಾಕಬಹುದಾ? ಇಲ್ಲ. ಬ್ಯಾಂಕಿಗೆ ಆಕ್ಷೇಪಣೆ ಬರೆಯಬಹುದು. ಒಪ್ಪದಿದ್ದರೆ ಬ್ಯಾಂಕು 15 ದಿನದಲ್ಲಿ ಕಾರಣ ಹೇಳಿ ಉತ್ತರಿಸಬೇಕು. ಆ ಉತ್ತರ ಸರಿಯಿಲ್ಲ ಅಂತ ಅದೊಂದನ್ನೇ ಹಿಡಿದು ಹೋಗಲು ಬರುವುದಿಲ್ಲ. ಹಾಗಂತ ಸುಮ್ನೆ ಕೂರಬಾರದು. ಕಟ್ಟಿದ ಕಂತು ಜಮಾ ಆಗಿಲ್ಲ, ಬಡ್ಡಿ ಜಾಸ್ತಿ ಹಾಕಿದ್ದಾರೆ ಅಂತ ಆಗಲೇ ಬರೆದಿಟ್ಟರೆ ಮುಂದೆ ಅದೇ ದಾಖಲೆ.

ಕೇಸು ಹಾಕುವ ಹಕ್ಕು ಹುಟ್ಟುವುದು ಕಲಂ 13(4)ರ ಸ್ವಾಧೀನದಿಂದ. ನೋಟಿಸನ್ನು ಬಾಗಿಲಿಗೆ ಅಂಟಿಸುತ್ತಾರೆ, 7 ದಿನದೊಳಗೆ ಎರಡು ಪತ್ರಿಕೆಗಳಲ್ಲಿ ಹಾಕಿಸುತ್ತಾರೆ. ಒಂದು ಸ್ಥಳೀಯ ಭಾಷೆಯದಾಗಿರಬೇಕು. ಕೀಲಿ ನೇಕಾರನ ಸೊಂಟದಲ್ಲೇ ಇದೆ, ಒಳಗೆ ಮಗ್ಗ ಟಕಟಕ ಅನ್ನುತ್ತಲೇ ಇದೆ. ಏನೂ ಆಗಿಲ್ಲ ಅನಿಸುತ್ತದೆ, ಅಲ್ವಾ? ಆಗಿಹೋಗಿದೆ. ಕಾಗದದ ಮೇಲಿನ ಸ್ವಾಧೀನವೂ ಸಾಕು ಅಂತ ಹಿಂಡನ್ ಫೋರ್ಜ್ ಪ್ರಕರಣದಲ್ಲಿ (2018) ಸುಪ್ರೀಂ ಕೋರ್ಟ್ ಹೇಳಿದೆ. ಕೇಸು ಹಾಕಲು ಕಲಂ 17 ಕೊಡುವ 45 ದಿನ ಓಡಲು ಶುರು. ಆಗಸ್ಟ್ 5ಕ್ಕೆ ಅಂಟಿಸಿದರೆ ಸೆಪ್ಟೆಂಬರ್ 19ರವರೆಗೆ.

ಎಲ್ಲಿಗೆ ಹೋಗಬೇಕು? ಜನ ಮೊದಲು ಓಡುವುದು ಊರಿನ ಸಿವಿಲ್ ಕೋರ್ಟಿಗೆ, ಸ್ಟೇ ತರಲು. ಕಲಂ 34 ಆ ಬಾಗಿಲು ಮುಚ್ಚಿದೆ. ಅಲ್ಲಿ ತಿರುಗಾಡುವಷ್ಟರಲ್ಲಿ ದಿನ ಮುಗಿಯುತ್ತವೆ. ಹೈಕೋರ್ಟಿನ ಧಾರವಾಡ ಪೀಠದಲ್ಲಿ ರಿಟ್ ಅರ್ಜಿ? (ವಿಜಯಪುರದವರಿಗೆ ಕಲಬುರಗಿ ಪೀಠ.) ಬೇರೆ ದಾರಿ ಇರುವಾಗ ಹೈಕೋರ್ಟು ಸಾಮಾನ್ಯವಾಗಿ ಕೈಹಾಕಬಾರದು ಅಂತ ಸತ್ಯವತಿ ಟಂಡನ್ ತೀರ್ಪು (2010). ಉಳಿದದ್ದು ಡಿಆರ್‌ಟಿ (ಸಾಲ ವಸೂಲಾತಿ ನ್ಯಾಯಮಂಡಳಿ), ಅದು ಬೆಂಗಳೂರಿನಲ್ಲಿ. ಮೇಲ್ಮನವಿಗೆ ಚೆನ್ನೈ. ನಾಲ್ಕು ಮಗ್ಗದವನಿಗೆ ರಾತ್ರಿ ಬಸ್ಸಿನ ಖರ್ಚೇ ಒಂದು ಕಂತು. ಈ ಕಾಯ್ದೆಯ ಮೇಲೆ ನನ್ನ ದೊಡ್ಡ ತಕರಾರು ಇದೇ.

ಒಂದು ಸಮಾಧಾನ: ಡಿಆರ್‌ಟಿಗೆ ಹೋಗಲು ಬಾಕಿಯ 75% ಮುಂಗಡ ಕಟ್ಟಬೇಕು ಅನ್ನುವ ನಿಯಮವನ್ನು ಮಾರ್ಡಿಯಾ ಕೆಮಿಕಲ್ಸ್ ತೀರ್ಪು (2004) ಕಿತ್ತುಹಾಕಿತು. ಮೇಲ್ಮನವಿಗೆ ಮಾತ್ರ ಸಾಲಗಾರ 50% ಕಟ್ಟಬೇಕು, 25%ವರೆಗೆ ಇಳಿಸಬಹುದು.

ಸಹಕಾರಿ ಬ್ಯಾಂಕಿಗೆ ಈ ಕಾಯ್ದೆ ಅನ್ವಯವಾಗುತ್ತದೆ, 2020ರಲ್ಲಿ ಸಂವಿಧಾನ ಪೀಠ ಹೇಳಿದೆ. ಪತ್ತಿನ ಸೊಸೈಟಿ ಬೇರೆ, ಬೆರೆಸಬೇಡಿ.

ಮುಧೋಳದ ಕಬ್ಬಿನ ಗದ್ದೆ ಅಡವಿಟ್ಟಿದ್ದರೆ? ಕಲಂ 31(ಐ) ಕೃಷಿ ಭೂಮಿಯನ್ನು ಹೊರಗಿಟ್ಟಿದೆ. ಆದರೆ ಪಹಣಿಯಲ್ಲಿ ಹೊಲ ಅಂತ ಇದ್ದರೆ ಸಾಲದು. ಅಲ್ಲಿ ನಿಜಕ್ಕೂ ಬೆಳೆ ಇರಬೇಕು.