ಆಯಾಮ ಎಂಜಿನ್‌ಗೆ ವೇಗ ಬೇಡ, ರ‍್ಯಾಂಪ್ ಬೇಕು

ಕಳೆದ ಭಾನುವಾರ ಕಬ್ಬನ್ ಪಾರ್ಕಿನಲ್ಲಿ ಕೂತು, ನಾವು ಸೇರಿ ಬರೆಯುತ್ತಿರುವ ಕಥೆಯಲ್ಲಿ ಮನುಷ್ಯನನ್ನು ಇನ್ನೊಂದು ಆಯಾಮಕ್ಕೆ ಒಯ್ಯುವ ಎಂಜಿನ್‌ಗೆ ಎಷ್ಟು ವೇಗ ಕೊಡೋಣ ಅಂತ ಒಂದು ಗಂಟೆ ಜಗಳ ಆಡಿದೆವಲ್ಲ, ಮನೆಗೆ ಬಂದು ಓದಿದ ಮೇಲೆ ಗೊತ್ತಾಯಿತು, ಪ್ರಶ್ನೆಯೇ ತಪ್ಪು. ‘ಬೆಳಕಿನ ಹತ್ತು ಪಟ್ಟು’ ಅಂತ ಬರೆದವನು ನಾನೇ. ಅದನ್ನು ಹೊಡೆದು ಹಾಕಿ.

ಆಯಾಮ ಅಂದರೆ ದಿಕ್ಕು. ‘ಇನ್ನೊಂದು ಆಯಾಮಕ್ಕೆ ಹೋದ’ ಅನ್ನುವುದು ‘ಅಗಲಕ್ಕೆ ಹೋಗಿ ಬಂದೆ’ ಅಂದ ಹಾಗೆ. ರಾಗಿಗುಡ್ಡದಿಂದ ಸಿಲ್ಕ್ ಬೋರ್ಡ್‌ವರೆಗಿನ ಡಬಲ್ ಡೆಕ್ಕರ್ ಫ್ಲೈಓವರ್ ನೆನಪಿಸಿಕೊಳ್ಳಿ. ಕೆಳಗೆ ರಸ್ತೆ, ನಡುವೆ ಫ್ಲೈಓವರ್, ಅದರ ಮೇಲೆ ಹಳದಿ ಮಾರ್ಗದ ಮೆಟ್ರೊ. ಫೋನಿನ ಮ್ಯಾಪ್‌ನಲ್ಲಿ ಮೂರೂ ಹೆಚ್ಚುಕಮ್ಮಿ ಒಂದೇ ಗೆರೆ. ನೀವು ಮೇಲೆ ಹೋಗುತ್ತಿದ್ದರೂ ಅದು ಕೆಳಗಿನ ಸಿಗ್ನಲ್‌ನಲ್ಲಿ ಎಡಕ್ಕೆ ತಿರುಗಿ ಅನ್ನಬಹುದು. ಪಾಪ, ಆ ಚಪ್ಪಟೆ ಗೆರೆಯಲ್ಲಿ ಎತ್ತರ ಕಾಣುವುದಿಲ್ಲ. ಕೆಳಗೆ ಜಾಮ್‌ನಲ್ಲಿ ಸಿಕ್ಕಿಕೊಂಡ ಆಟೊ ಎಷ್ಟು ರೇಸ್ ಮಾಡಿದರೂ ಮೇಲಿನ ರಸ್ತೆಗೆ ಬರುವುದಿಲ್ಲ. ರ‍್ಯಾಂಪ್ ಸಿಕ್ಕರೆ ನಿಧಾನಕ್ಕೆ ಹತ್ತಿದರೂ ಸಾಕು. ನಮ್ಮ ಎಂಜಿನ್ ಮಾಡಬೇಕಾದದ್ದು ಆ ರ‍್ಯಾಂಪಿನ ಕೆಲಸ.

ಹಾಗಾದರೆ ಆ ಇನ್ನೊಂದು ದಿಕ್ಕು ಎಲ್ಲಿದೆ? ಜಾಗಕ್ಕೆ ನಾಲ್ಕನೇ ಆಯಾಮ ಇರಬಹುದು ಅಂತ 1921ರಲ್ಲಿ ಗಣಿತಜ್ಞ ಕಲೂಜಾ ಹೇಳಿದರು (ಕಾಲವನ್ನೂ ಸೇರಿಸಿದರೆ ಅದು ಐದನೆಯದು, ನಾನು ಇಲ್ಲಿ ಕಾಲವನ್ನು ಪಕ್ಕಕ್ಕಿಟ್ಟಿದ್ದೇನೆ). ಅದು ಸಿಕ್ಕಾಪಟ್ಟೆ ಸಣ್ಣದಾಗಿ ಸುರುಳಿ ಸುತ್ತಿಕೊಂಡಿದೆ, ಅದಕ್ಕೇ ಕಾಣುವುದಿಲ್ಲ ಅಂತ 1926ರಲ್ಲಿ ಭೌತವಿಜ್ಞಾನಿ ಕ್ಲೈನ್ ಸೇರಿಸಿದರು. ನಮ್ಮ ಬೀದಿಯಲ್ಲಿ ಮರದಿಂದ ಮರಕ್ಕೆ ಜೋತಾಡುವ ಕೇಬಲ್ ದೂರದಿಂದ ಬರೀ ಗೆರೆ, ಆದರೆ ಅದರ ಮೇಲಿನ ಇರುವೆಗೆ ಸುತ್ತು ಹಾಕಲೂ ಜಾಗ ಇದೆ. ಈ ಸುರುಳಿ ಒಂದು ಮಿಲಿಮೀಟರಿನಷ್ಟು ದೊಡ್ಡದೂ ಇರಬಹುದು ಅನ್ನುವ ಲೆಕ್ಕ 1998ರಲ್ಲಿ ಬಂತು. ಹಾಗಿದ್ದರೆ ಅಷ್ಟು ಹತ್ತಿರದಲ್ಲಿ ಗುರುತ್ವದ ನಿಯಮ ಬದಲಾಗಬೇಕು. ತೆಳು ತಂತಿಗೆ ತಟ್ಟೆ ತೂಗುಹಾಕಿ, ಅದು ಎಷ್ಟು ತಿರುಚಿಕೊಳ್ಳುತ್ತದೆ ಅಂತ ಅಳೆದು ನೋಡಿದರು. ಸುಮಾರು 50 ಮೈಕ್ರೊಮೀಟರ್, ಅಂದರೆ ಒಂದು ತೆಳು ಕೂದಲಿನ ದಪ್ಪದವರೆಗೂ ನ್ಯೂಟನ್ ನಿಯಮವೇ ಸರಿಯಾಗಿತ್ತು. ಸುರುಳಿ ಇದ್ದರೂ ಅದಕ್ಕಿಂತ ಸಣ್ಣದೇ. ಹಾಗಾಗಿ ಎಂಜಿನ್ ಆ ಸುರುಳಿಯನ್ನು ಬಿಚ್ಚಿ ದೊಡ್ಡದು ಮಾಡುತ್ತದೆ ಅನ್ನುವುದು ನಮ್ಮ ಕಥೆಯ ಸುಳ್ಳು. ಅದೊಂದೇ ಸುಳ್ಳು ಇರಲಿ, ಮಿಕ್ಕದ್ದೆಲ್ಲ ಲೆಕ್ಕಕ್ಕೆ ಕೂರಬೇಕು.

ಲೆಕ್ಕ ಅಂದರೆ ಮೊದಲು ಪ್ರಯಾಣಿಕ ಬದುಕಬೇಕಲ್ವಾ? ದೂರ ಎರಡು ಪಟ್ಟಾದರೆ ನಮ್ಮಲ್ಲಿ ಗುರುತ್ವ ನಾಲ್ಕನೇ ಒಂದು ಭಾಗ ಆಗುತ್ತದೆ. ನಾಲ್ಕು ಆಯಾಮದಲ್ಲಿ ಎಂಟನೇ ಒಂದು ಭಾಗ. ಹಾಗಾದಾಗ ಗ್ರಹಗಳ ಕಕ್ಷೆ ನಿಲ್ಲುವುದಿಲ್ಲ ಅಂತ ಭೌತವಿಜ್ಞಾನಿ ಎರೆನ್‌ಫೆಸ್ಟ್ 1917ರಲ್ಲೇ ತೋರಿಸಿದ್ದಾರೆ. ಪರಮಾಣುಗಳದೂ ಅದೇ ಪಾಡು. ಅದಕ್ಕೆ ನಮ್ಮ ಮನುಷ್ಯನ ಸುತ್ತ ಮೂರು ಆಯಾಮದ ಒಂದು ಗುಳ್ಳೆ ಇಟ್ಟು, ಗುಳ್ಳೆ ಸಮೇತ ಎತ್ತಬೇಕು.

ಈಗ ನನಗೆ ಜಾಸ್ತಿ ಇಷ್ಟವಾದ ಭಾಗ. ಎಡಗಾಲಿನ ಚಪ್ಪಲಿ ಇಟ್ಟು ಅದರ ಆಕಾರಕ್ಕೆ ಪೇಪರ್ ಕತ್ತರಿಸಿ. ಮೇಜಿನ ಮೇಲೆ ಎಷ್ಟು ಸರಿಸಿದರೂ, ಗಿರಗಿರ ತಿರುಗಿಸಿದರೂ ಅದು ಎಡಗಾಲಿನದೇ. ಮೇಲಕ್ಕೆತ್ತಿ ಮಗುಚಿದರೆ ಬಲಗಾಲಿನದು. ಹಾಗೆಯೇ ನಾಲ್ಕನೇ ಆಯಾಮದಲ್ಲಿ ಮಗುಚಿಕೊಂಡವನು ಕನ್ನಡಿಯ ಬಿಂಬವಾಗಿ ವಾಪಸ್ ಬರುತ್ತಾನೆ, ಹೃದಯ ಬಲಕ್ಕೆ. ಅವನಿಗೆ ತನ್ನಲ್ಲಿ ಏನೂ ಬದಲಾದ ಹಾಗೆ ಅನ್ನಿಸುವುದಿಲ್ಲ. ಜಯನಗರದ ದರ್ಶಿನಿಯ ಬೋರ್ಡು ಮಾತ್ರ ಉಲ್ಟಾ ಕಾಣುತ್ತದೆ.

ಒಳಗೆ ಹೋಗಿ ದೋಸೆ ತಗೊಂಡ ಅನ್ನಿ. ಪುದೀನ ಚಟ್ನಿಯ ವಾಸನೆಯೇ ಬೇರೆ! ಪುದೀನದ ವಾಸನೆಗೆ ಕಾರಣ ಕಾರ್ವೋನ್ ಅನ್ನುವ ಅಣು, ಅದರ ಕನ್ನಡಿ ಜೋಡಿ ಸಬ್ಬಸಿಗೆ ಬೀಜದಲ್ಲಿದೆ. ಮಗುಚಿದ ಮೂಗಿಗೆ ಎರಡೂ ಅದಲುಬದಲು. ದೋಸೆಯ ಪಿಷ್ಟ ಹೊಟ್ಟೆ ಸೇರಿದರೂ ಕರಗುವುದಿಲ್ಲ, ಯಾಕೆಂದರೆ ಅವನ ಕಿಣ್ವಗಳೂ ಮಗುಚಿವೆ, ತಪ್ಪು ಕೈಗೆ ಗ್ಲೌಸ್ ಹಾಕಿದ ಹಾಗೆ. ಹೊಟ್ಟೆ ತುಂಬುತ್ತದೆ, ಮೈಗೆ ಹತ್ತುವುದಿಲ್ಲ. ನೀರು, ಉಪ್ಪಿಗೆ ಎಡಬಲ ಇಲ್ಲ, ತೊಂದರೆ ಇಲ್ಲ. ಕೆಫೀನ್‌ಗೂ ಎಡಬಲ ಇಲ್ಲ. ಹಾಗಾಗಿ ಹಾಲು, ಸಕ್ಕರೆ ಹಾಕದ ಡಿಕಾಕ್ಷನ್ ಕುಡಿದರೆ ಅವನಿಗೂ ನಮ್ಮ ಹಾಗೇ ನಿದ್ದೆ ಹಾರಿಹೋಗುತ್ತದೆ.

ಇನ್ನೊಂದು ಸಲ ಮಗುಚಿದರೆ ಎಲ್ಲ ಸರಿಹೋಗುತ್ತದೆ. ಅಷ್ಟರಲ್ಲಿ ಎಂಜಿನ್ ಕೆಟ್ಟು ನಿಂತರೆ ಎಷ್ಟು ದಿನ ತಡೆಯುತ್ತಾನೆ? ಎರಡನೇ ಅಧ್ಯಾಯವನ್ನು ಅಲ್ಲಿಂದ ಶುರು ಮಾಡೋಣ ಅಂತ ನನ್ನ ಆಸೆ, ಮುಂದಿನ ಭಾನುವಾರ ಬರುವಾಗ ಒಂದು ಕತ್ತರಿ, ಹಳೇ ಪೇಪರ್ ತನ್ನಿ.